ಕಾಮಾಕ್ಷಿಪಾಳ್ಯದಲ್ಲಿ ಮಗಳನ್ನು ಹುಡುಕಿದ ಹನ್ನೊಂದು ದಿನ

ಫೋಟೋದಲ್ಲಿದ್ದವಳು ನಾನೇ. ಹತ್ತೊಂಬತ್ತನೆಯ ವಯಸ್ಸಿನಲ್ಲಿ ಮಾಗಡಿ ರಸ್ತೆಯ ಒಂದು ಸ್ಟುಡಿಯೋದಲ್ಲಿ ತೆಗೆಸಿಕೊಂಡ ಚಿತ್ರ. ಎರಡು ಜಡೆ, ಒಂದು ಕಡೆಗೆ ವಾಲಿದ ಕತ್ತು. ನಮ್ಮ ಸಿನಿಮಾಕ್ಕೆ ಕಾಣೆಯಾದ ಮಗಳೊಬ್ಬಳ ಫೋಟೋ ಬೇಕಾಗಿತ್ತು. ಬೇರೆ ಯಾವ ಹುಡುಗಿಯ ಮುಖವನ್ನು ಬೀದಿಬೀದಿ ತೋರಿಸಿಕೊಂಡು ತಿರುಗಿದರೂ ನಾಳೆ ಅವಳಿಗೆ ತೊಂದರೆಯಾದೀತು ಎಂದು ನಿರ್ದೇಶಕ ಹಿಂಜರಿದ. ಕೊನೆಗೆ ನನ್ನ ಹಳೆಯ ಫೋಟೋವನ್ನೇ ಕಂಪ್ಯೂಟರಿನಲ್ಲಿ ತಿದ್ದಿ, ಸ್ಟುಡಿಯೋದ ಪರದೆ ಅಳಿಸಿ, ಈಚೆಗೆ ಫೋನಿನಲ್ಲಿ ತೆಗೆದದ್ದು ಎನ್ನುವಂತೆ ಮಾಡಿ ಲ್ಯಾಮಿನೇಷನ್ ಹಾಕಿಸಿ ತಂದ.

"ಮೂವತ್ತು ವರ್ಷದ ಹಿಂದಿನ ನಿಮ್ಮನ್ನ ಯಾರು ಗುರುತು ಹಿಡೀತಾರೆ ಅಕ್ಕ?" ಎಂದ.

ಆರನೆಯ ದಿನ ಒಬ್ಬರು ಗುರುತು ಹಿಡಿದರು.

ನಮ್ಮದು ಹೆಸರಿಲ್ಲದ ತಂಡ. ಮುಚ್ಚಿದ ಗೋಡೌನು, ಅಪಾರ್ಟ್‌ಮೆಂಟಿನ ನೆಲಮಾಳಿಗೆ, ಯಾರದೋ ಮನೆಯ ತಾರಸಿ, ಹೀಗೆ ಸಿಕ್ಕಲ್ಲಿ ನಾಟಕ ಆಡುತ್ತೇವೆ. ಎಲ್ಲಿ ಆಟ ಎಂದು ನೋಡುವವರಿಗೆ ತಿಳಿಯುವುದು ಅದೇ ದಿನ ಮಧ್ಯಾಹ್ನ, ಮೆಸೇಜಿನಲ್ಲಿ. ಸಿನಿಮಾಗಳೂ ಹಾಗೆಯೇ. ಪರವಾನಗಿ ಕೇಳುವುದಿಲ್ಲ, ಥಿಯೇಟರಿಗೆ ಕೊಡುವುದಿಲ್ಲ. ಮೂವತ್ತು ಜನರನ್ನು ಕೂರಿಸಿ ಗೋಡೆಯ ಮೇಲೆ ತೋರಿಸುತ್ತೇವೆ. ನಾನು ತಲೆಗೂದಲನ್ನು ಗಂಡಸರಂತೆ ಕತ್ತರಿಸಿಕೊಂಡವಳು, ಮಾರೇನಹಳ್ಳಿಯಲ್ಲಿ ಒಂಟಿಯಾಗಿ ಇರುವವಳು. ನನಗೆ ಮಕ್ಕಳಿಲ್ಲ.

ಈ ಸಿನಿಮಾದಲ್ಲಿ ನಟಿ ನಾನೊಬ್ಬಳೇ. ಗಾರ್ಮೆಂಟ್ಸ್ ಕೆಲಸಕ್ಕೆಂದು ಬೆಂಗಳೂರಿಗೆ ಬಂದು ಫೋನು ಮಾಡುವುದನ್ನು ನಿಲ್ಲಿಸಿದ ಮಗಳನ್ನು ಹುಡುಕಿಕೊಂಡು ಉತ್ತರ ಕರ್ನಾಟಕದಿಂದ ಬಂದ ತಾಯಿ. ಉಳಿದವರೆಲ್ಲ ನಿಜದ ಜನ. ಅವರಿಗೆ ಇದು ಸಿನಿಮಾ ಎಂದು ಗೊತ್ತಿರುವುದಿಲ್ಲ. ನಿರ್ದೇಶಕ ಶರ್ಟಿನ ಜೇಬಿನಲ್ಲಿ ಫೋನಿಟ್ಟುಕೊಂಡು ಇಪ್ಪತ್ತು ಹೆಜ್ಜೆ ಹಿಂದೆ ಬರುತ್ತಿದ್ದ. ತಂಡದ ಇನ್ನೊಬ್ಬಳು ನಿಜಕ್ಕೂ ಡೆಲಿವರಿ ಕೆಲಸ ಮಾಡುವವಳು. ಅವಳ ಬೆನ್ನಿನ ಚೀಲಕ್ಕೆ ರಂಧ್ರ ಕೊರೆದು ಎರಡನೆಯ ಫೋನು ಕೂರಿಸಿದ್ದೆವು. ನನ್ನ ರವಿಕೆಯೊಳಗೆ ಧ್ವನಿ ಹಿಡಿಯುವ ಸಣ್ಣ ರೆಕಾರ್ಡರು, ಅದರ ಮೈಕಿನ ಎಳೆ ಕುತ್ತಿಗೆಯವರೆಗೆ. ತಲೆಗೆ ತುರುಬಿನ ವಿಗ್ಗು, ಮೇಲೆ ಸೆರಗು.

ಭಾಷೆಗೆ ಆರು ವಾರ ತಗುಲಿತು. ಸುಂಕದಕಟ್ಟೆಯ ಬಳಿ ಕಟ್ಟಡದ ಕೆಲಸ ಮಾಡುತ್ತಿದ್ದ ಗದಗದ ಕಡೆಯ ಹೆಂಗಸೊಬ್ಬರು ಕಲಿಸಿದರು. ಅವರಿಗೆ ಮಾತ್ರ ನಿಜ ಹೇಳಿದ್ದೆ. ಕೊನೆಯ ದಿನ ಅವರು, "ಮಾತು ಬರೋಬ್ಬರಿ ಬಂದೈತಿ. ಅಳೂವಾಗ ಮಾತ್ರ ನಿನ್ನ ನಾಲಿಗಿ ಬೆಂಗಳೂರಿಗೆ ಓಡತೈತಿ. ಅತ್ತಾಗ ಮಾತಾಡಬ್ಯಾಡ" ಎಂದಿದ್ದರು.

ಮೂರು ನಿಯಮ ಮಾಡಿಕೊಂಡಿದ್ದೆವು. ಯಾರು ಏನು ಕೊಟ್ಟರೂ ತೆಗೆದುಕೊಳ್ಳಬಾರದು. ಯಾವ ಕಟ್ಟಡದೊಳಕ್ಕೂ ಹೋಗಬಾರದು. ಅಪಾಯ ಎನಿಸಿದರೆ ಚಪ್ಪಲಿ ಬಿಚ್ಚಿ ಕೈಯಲ್ಲಿ ಹಿಡಿದುಕೊಳ್ಳಬೇಕು. ಆಗ ಉಳಿದಿಬ್ಬರೂ ಓಡಿ ಬರುತ್ತಾರೆ.

ಮೊದಲ ದಿನವೇ ನನಗೆ ಹೆದರಿಕೆ ಶುರುವಾಯಿತು. ಜನ ನಂಬದೆ ಹೋದಾರು ಎಂಬ ಹೆದರಿಕೆಯಲ್ಲ. ಎಷ್ಟು ಸುಲಭವಾಗಿ ನಂಬಿಬಿಟ್ಟರು ಎಂಬುದು. ಇಸ್ತ್ರಿ ಅಂಗಡಿಯವನು ಕೆಲಸ ನಿಲ್ಲಿಸಿ ಮೂರು ಫ್ಯಾಕ್ಟರಿಯ ದಾರಿ ಹೇಳಿದ. ಮೆಡಿಕಲ್ ಶಾಪಿನವನು ಫೋಟೋವನ್ನು ತನ್ನ ಫೋನಿನಲ್ಲಿ ತೆಗೆದುಕೊಂಡು, "ಗ್ರೂಪಲ್ಲಿ ಹಾಕ್ತೀನಮ್ಮ" ಎಂದಾಗ ಬೇಡ ಎನ್ನಲು ನನಗೆ ಕಾರಣವೇ ಹೊಳೆಯಲಿಲ್ಲ. ಗಾರ್ಮೆಂಟ್ಸ್ ಗೇಟಿನ ಎದುರು ಗಾಡಿ ಹಾಕಿಕೊಂಡು ಬಜ್ಜಿ ಮಾಡುವ ಹೆಂಗಸು, ನನ್ನದೇ ವಯಸ್ಸಿನವಳು, ಫೋಟೋವನ್ನು ಒಮ್ಮೆ ನೋಡಿ ನನ್ನ ಕೈ ಹಿಡಿದುಕೊಂಡು ಅತ್ತಳು. ಅವಳ ಕೈಯ ಕಡಲೆಹಿಟ್ಟು ನನ್ನ ಮಣಿಕಟ್ಟಿಗೆ ಅಂಟಿ ಮನೆಗೆ ಬರುವ ಹೊತ್ತಿಗೆ ಒಣಗಿತ್ತು. ಅದನ್ನು ಉಜ್ಜಿ ತೊಳೆಯುವಾಗ ನಾನು ಮಾಡುತ್ತಿರುವುದು ಏನು ಎಂಬ ಪ್ರಶ್ನೆ ಬಂತು. ಅದಕ್ಕೆ ಉತ್ತರ ಕೊಡದೆ ಮಾರನೆಯ ದಿನವೂ ಹೋದೆ.

ಆರನೆಯ ದಿನ ಆ ಬಜ್ಜಿ ಗಾಡಿಯ ಹೆಂಗಸೇ ನನ್ನನ್ನು ಕೈಸನ್ನೆಯಿಂದ ಕರೆದಳು. ಬಾಣಲೆಯಿಂದ ಕಣ್ಣೆತ್ತದೆ ಹೇಳಿದಳು:

"ಅಕ್ಕ, ನಿನ್ ಮಗಳನ್ನ ನೋಡಿದೀನಿ. ಹಿಂದಿನ ಕ್ರಾಸಲ್ಲಿ ಕಬ್ಬಿಣಕ್ಕೆ ಬಣ್ಣ ಹಾಕೋ ಪೌಡರ್ ಕೋಟಿಂಗ್ ಶೆಡ್ ಐತಲ್ಲ, ಅದರ ಪಕ್ಕದ ಬಿಲ್ಡಿಂಗು, ಎರಡನೇ ಫ್ಲೋರು. ಶರ್ಟಿನ ದಾರ ಕಟ್ ಮಾಡಿ ಪ್ಯಾಕ್ ಮಾಡ್ತಾರೆ ಅಲ್ಲಿ. ಮೊದ್ಲು ಐದಾರು ಹುಡ್ಗೀರು ಬರ್ತಿದ್ರು ಬಜ್ಜಿ ತಿನ್ನೋಕೆ. ಈಗ ಇವಳೊಬ್ಳೇ ಉಳಿದಿರೋದು. ಕೆಳಗೆ ಇಳಿಯೋಕೇ ಬಿಡಲ್ಲ. ಹೊರಗಿನಿಂದ ಬೀಗ."

ನಾನು ಫೋಟೋವನ್ನು ಮತ್ತೆ ಮುಂದೆ ಹಿಡಿದೆ. "ಇಕೀನ ಏನ್ರಿ? ಬರೋಬ್ಬರಿ ನೋಡ್ರಿ."

"ಇವಳೇ. ನಾನ್ ಹೇಳ್ದೆ ಅಂತ ಯಾರಿಗೂ ಹೇಳ್ಬೇಡ. ಓನರ್ ತಮ್ಮ ದಿನಾ ಇಲ್ಲಿಗೆ ಬರ್ತಾನೆ."

ಈ ಊರಿನಲ್ಲಿ, ಬೀಗ ಹಾಕಿದ ಕೋಣೆಯೊಂದರಲ್ಲಿ, ಹತ್ತೊಂಬತ್ತರ ನಾನು ದಾರ ಕತ್ತರಿಸುತ್ತ ಕೂತಿದ್ದೇನೆ ಎಂದು ಹೇಳಿದಂತೆ ಕೇಳಿಸಿತು. ಚಪ್ಪಲಿ ಬಿಚ್ಚಬೇಕೆನಿಸಿತು. ಬಿಚ್ಚಲಿಲ್ಲ.

ಸಂಜೆ ನಿರ್ದೇಶಕ ಆ ರೆಕಾರ್ಡಿಂಗನ್ನು ಮೂರು ಸಲ ಕೇಳಿದ. ಅವನ ಮುಖದಲ್ಲಿ ಮೊದಲು ಮೂಡಿದ್ದು ಸಂತೋಷ. ಅದನ್ನು ನಾನು ನೋಡಿದೆ, ನಾನು ನೋಡಿದ್ದು ಅವನಿಗೂ ಗೊತ್ತಾಯಿತು. "ಸಾರಿ ಅಕ್ಕ" ಎಂದು ತಲೆ ತಗ್ಗಿಸಿದ. ಡೆಲಿವರಿಯವಳು ಮರುದಿನ ಯಾರದೋ ಪಾರ್ಸೆಲ್ಲಿನ ನೆಪದಲ್ಲಿ ಆ ಕಟ್ಟಡದ ಸುತ್ತ ಎರಡು ಸಲ ಸುತ್ತಿ ಬಂದಳು. ಮೆಟ್ಟಿಲ ತುದಿಯಲ್ಲಿ ಗ್ರಿಲ್ ಬಾಗಿಲು, ಅದಕ್ಕೆ ದೊಡ್ಡ ಬೀಗ. ಹಿಂದಿನ ಓಣಿಗೆ ಒಂದು ಕಿಟಕಿ. ಆ ಕಿಟಕಿಯ ಸರಳಿನ ನಡುವಿನಿಂದ ಒಂದು ಕೈ ಹೊರಗೆ ಬಂದು ಒದ್ದೆ ದುಪ್ಪಟ್ಟಾ ಒಣಹಾಕಿತಂತೆ. ಮುಖ ಕಾಣಲಿಲ್ಲವಂತೆ.

ನಾನು ಸಹಾಯವಾಣಿಗೆ ಫೋನು ಮಾಡಿದೆ. ಹುಡುಗಿಯ ಹೆಸರೇನು ಎಂದು ಕೇಳಿದರು. ಗೊತ್ತಿರಲಿಲ್ಲ. ನೀವು ಅವಳಿಗೆ ಏನಾಗಬೇಕು ಎಂದು ಕೇಳಿದರು. ಅವರು ಕೇಳಲೇಬೇಕಾದ ಪ್ರಶ್ನೆಗಳು. ಮಾತು ತೊದಲಿ ಫೋನಿಟ್ಟುಬಿಟ್ಟೆ. ಆಮೇಲೆ ನಮ್ಮ ನಾಟಕಗಳಿಗೆ ತಪ್ಪದೆ ಬರುವ ವಕೀಲೆಯೊಬ್ಬರ ಮನೆಗೆ ಹೋದೆವು. ಅವರು ಎಲ್ಲ ಕೇಳಿ ಮೊದಲು ನಮಗೆ ಬೈದರು. ಬೈದು ಮುಗಿಸಿ ಹೇಳಿದರು:

"ಬರೀ ಒಂದು ಮಾತು ಕೇಳಿ ದೂರು ಕೊಟ್ಟು, ಅಷ್ಟರಲ್ಲಿ ಅವರಿಗೆ ಸುಳಿವು ಸಿಕ್ಕಿದ್ರೆ ಹುಡುಗೀನ ಬೇರೆ ಕಡೆ ಸಾಗಿಸ್ತಾರೆ. ಅವಳು ನಿಜಕ್ಕೂ ಇದಾಳಾ? ಹೊರಗೆ ಬರೋ ಇಷ್ಟ ಇದೆಯಾ? ಇಷ್ಟು ಗೊತ್ತಾದ್ರೆ ಸಾಕು, ಐದು ನಿಮಿಷದಲ್ಲಿ ಪೊಲೀಸ್ ಕರ್ಕೊಂಡು ಬರ್ತೀನಿ. ಆದ್ರೆ ಅದನ್ನ ನೋಡ್ಕೊಂಡು ಬರೋರು ಯಾರು?"

ಯಾರೂ ನನ್ನ ಕಡೆ ನೋಡಲಿಲ್ಲ. ಹಾಗೆ ನೋಡದೆ ಇದ್ದದ್ದೇ ಉತ್ತರವಾಗಿತ್ತು. ಒಬ್ಬ ತಾಯಿ ಫೋಟೋ ಹಿಡಿದು ಆ ಬೀದಿಯಲ್ಲಿ ಒಂದು ವಾರದಿಂದ ತಿರುಗುತ್ತಿರುವುದು ಎಲ್ಲರಿಗೂ ಗೊತ್ತು. ಅವಳು ಮೆಟ್ಟಿಲು ಹತ್ತಿ ಬಂದರೆ ಯಾರಿಗೂ ಅನುಮಾನ ಬರುವುದಿಲ್ಲ.

ಎರಡು ದಿನ ನಾನು ಆಗುವುದಿಲ್ಲ ಎಂದೆ. ವೇದಿಕೆಯ ಮೇಲೆ ಬೆತ್ತಲಾಗಿ ನಿಂತಿದ್ದೇನೆ, ಆಟದ ನಡುವೆ ಕಲ್ಲು ಬಿದ್ದದ್ದನ್ನು ಕಂಡಿದ್ದೇನೆ. ಅಲ್ಲಿ ಹೆದರಿಕೆಗೆ ಒಂದು ಕೊನೆ ಇರುತ್ತಿತ್ತು. ದೀಪ ಆರಿದರೆ ಮುಗಿಯಿತು. ಇಲ್ಲಿ ನಾನು ತಪ್ಪಿದರೆ ಪೆಟ್ಟು ಬೀಳುವುದು ನನಗಲ್ಲ, ಒಳಗಿರುವವಳಿಗೆ. ಹತ್ತನೆಯ ದಿನ, ಸುಮ್ಮನೆ ಬೀದಿಯಲ್ಲಿ ಫೋಟೋ ತೋರಿಸುತ್ತ ನಡೆದಿದ್ದಾಗ, ಮೊದಲ ದಿನ ದಾರಿ ಹೇಳಿದ್ದ ಇಸ್ತ್ರಿ ಅಂಗಡಿಯವನು, "ಅಮ್ಮ, ಸಿಕ್ಕಿದ್ಲಾ?" ಎಂದು ಕೂಗಿ ಕೇಳಿದ. ಅವನಿಗೆ ಮತ್ತೊಂದು ಸುಳ್ಳು ಹೇಳಲು ಬಾಯಿ ಬರಲಿಲ್ಲ. ಅವತ್ತೇ ವಕೀಲೆಗೆ ಫೋನು ಮಾಡಿ ನಾಳೆ ಹೋಗುತ್ತೇನೆ ಎಂದೆ.

ಮರುದಿನ ಬೆಳಿಗ್ಗೆ ಹನ್ನೊಂದು ಗಂಟೆ. ವಕೀಲೆ ಕ್ರಾಸಿನ ತುದಿಯಲ್ಲಿ ಕಾರಿನಲ್ಲಿದ್ದರು. ಡೆಲಿವರಿಯವಳು ಹಿಂದಿನ ಓಣಿಯಲ್ಲಿ ಗಾಡಿ ನಿಲ್ಲಿಸಿಕೊಂಡು ಕಿಟಕಿ ನೋಡುತ್ತಿದ್ದಳು. ನಿರ್ದೇಶಕ ಪೌಡರ್ ಕೋಟಿಂಗ್ ಶೆಡ್ಡಿನ ಮುಂದೆ. ಮೆಟ್ಟಿಲು ಹತ್ತುವಾಗ ನನ್ನ ಉಸಿರಿನ ಸದ್ದೇ ರೆಕಾರ್ಡರಿನ ತುಂಬ ಇದೆ ಎಂದು ಆಮೇಲೆ ಠಾಣೆಯಲ್ಲಿ ಹೇಳಿದರು.

ಗ್ರಿಲ್ ಬಾಗಿಲು ತೆರೆದಿತ್ತು. ಒಳಗೆ ಶರ್ಟಿನ ಮೂಟೆಗಳ ನಡುವೆ ನಲವತ್ತರ ಆಸುಪಾಸಿನ ಗಂಡಸೊಬ್ಬ ಕುರ್ಚಿಯಲ್ಲಿ ಕೂತು ಫೋನು ನೋಡುತ್ತಿದ್ದ. ಅವನೇ ಓನರ್‌ನ ತಮ್ಮ. ಗಡುಸು ಮನುಷ್ಯನನ್ನು ನಿರೀಕ್ಷಿಸಿಕೊಂಡು ಹೋಗಿದ್ದೆ. ಅವನು ಎದ್ದು ನಿಂತ.

"ಬನ್ನಿ ಅಮ್ಮ. ನೀವೇ ಅಲ್ವಾ ಮಗಳನ್ನ ಹುಡುಕ್ತಾ ಇರೋದು? ಕೂತ್ಕೊಳಿ, ನೀರು ಕುಡೀರಿ."

ನೀರು ಕುಡಿದೆ. ಫೋಟೋ ಕೊಟ್ಟೆ. ಅವನು ಅದನ್ನು ಬೆಳಕಿಗೆ ಹಿಡಿದು ನೋಡಿದ.

"ಈ ಹುಡ್ಗಿ ಇಲ್ಲಿಲ್ಲ. ಹೆಸರೇನು?"

ಹೆಸರು. ಅದೊಂದಕ್ಕೇ ನಾನು ಎರಡು ದಿನ ಹೆದರಿದ್ದೆ. ಸಿನಿಮಾದ ಹೆಸರು ಹೇಳಿ, ಒಳಗಿರುವವಳ ಹೆಸರು ಬೇರೆಯಾಗಿದ್ದರೆ ಅಲ್ಲಿಗೆ ಮುಗಿಯಿತು.

"ಮನ್ಯಾಗ ಗುಬ್ಬಿ ಅಂತ ಕರೀತೀವ್ರಿ" ಎಂದೆ. ಅವನು ಬಾಯಿ ತೆರೆಯುವ ಮುನ್ನ, ನಾಟಕದಲ್ಲಿ ಕೊನೆಯ ಸಾಲಿಗೂ ಕೇಳಿಸುವಂತೆ ಎತ್ತುವ ಗಂಟಲಿನಲ್ಲಿ ಕೂಗಿದೆ. "ಗುಬ್ಬೀ! ಏ ಗುಬ್ಬೀ! ನಾ ನಿಮ್ಮವ್ವ ಬಂದೇನಿ!"

ಒಳಕೋಣೆಯ ಪರದೆ ಸರಿಯಿತು. ಹುಡುಗಿಯೊಬ್ಬಳು ದಾರ ಕತ್ತರಿಸುವ ಕತ್ತರಿ ಹಿಡಿದು ಬಾಗಿಲಲ್ಲಿ ನಿಂತಳು. ಫೋಟೋದ ಮುಖಕ್ಕೂ ಅವಳಿಗೂ ಏನೇನೂ ಹೋಲಿಕೆ ಇರಲಿಲ್ಲ. ಅಗಲ ಮುಖ, ಚಪ್ಪಟೆ ಮೂಗು, ಗಿಡ್ಡ ದೇಹ. ಅವನು ನನ್ನನ್ನು ನೋಡಿದ, ಅವಳನ್ನು ನೋಡಿದ, ಕೈಯಲ್ಲಿದ್ದ ಫೋಟೋ ನೋಡಿದ.

ಎದುರಿನ ಪಾತ್ರಧಾರಿ ಮಾತು ಮರೆತಾಗ ವೇದಿಕೆಯ ಮೇಲೆ ಒಂದು ನಿಶ್ಶಬ್ದ ಬೀಳುತ್ತದೆ. ಅದು ಎಷ್ಟು ಹೊತ್ತು ಇದ್ದರೆ ನೋಡುವವರಿಗೆ ಗೊತ್ತಾಗುತ್ತದೆ ಎಂಬ ಲೆಕ್ಕ ನನಗಿದೆ. ಆ ಹೊತ್ತು ಮುಗಿಯುವ ಮುನ್ನ ಹುಡುಗಿ ಕತ್ತರಿ ಕೆಳಗಿಟ್ಟಳು.

"ಅವ್ವಾ" ಎಂದಳು. "ಎಷ್ಟ ದಿನಾ ಆತು. ಈಗ ಬಂದ್ಯಾ?"

ಅವನು ಫೋಟೋವನ್ನು ಅವಳ ಮುಖದ ಮುಂದೆ ಹಿಡಿದ. "ಇದು ನೀನಾ?"

"ಅಲ್ರೀ ಸರ. ನಮ್ಮ ಅಕ್ಕಂದು. ನನ್ನ ಫೋಟೋ ಮನ್ಯಾಗ ಇಲ್ಲ."

ನಾನು ಹೋಗಿ ಅವಳನ್ನು ತಬ್ಬಿಕೊಂಡೆ. ಕಣ್ಣೀರು ತಾನಾಗಿ ಬಂತು, ಆದ್ದರಿಂದ ಬಾಯಿ ಬಿಡಲಿಲ್ಲ.

ಅವನು ಕೋಪಿಸಿಕೊಳ್ಳಲಿಲ್ಲ. ಗ್ರಿಲ್ ಬಾಗಿಲಿನವರೆಗೆ ನಡೆದು, ಹೊರಗೆ ನಿಂತು, ಅದನ್ನು ಎಳೆದು ಬೀಗ ಹಾಕಿದ. "ಮಾತಾಡಿ, ಮಾತಾಡಿ. ಅವಳ ಆಧಾರ್ ಕಾರ್ಡು, ಫೋನು ಎಲ್ಲ ಅಣ್ಣನ ಹತ್ರ ಐತೆ. ಅಣ್ಣ ಬರಲಿ, ಆಮೇಲೆ ನೋಡೋಣ" ಎಂದು ಫೋನು ಕಿವಿಗಿಟ್ಟುಕೊಂಡು ಮೆಟ್ಟಿಲ ಮೇಲೆ ಕೂತ. ಸರಳುಗಳ ಸಂದಿಯಿಂದ ಅವನ ಬೆನ್ನು ಕಾಣುತ್ತಿತ್ತು. ಒಮ್ಮೊಮ್ಮೆ ತಿರುಗಿ ನಗುತ್ತಿದ್ದ.

ನಾವಿಬ್ಬರೂ ಒಂದು ಮೂಟೆಯ ಮೇಲೆ ಮೊಣಕಾಲಿಗೆ ಮೊಣಕಾಲು ತಾಗಿಸಿ ಕೂತೆವು. ತಬ್ಬಿಕೊಳ್ಳುವಾಗ ನನ್ನ ಸೆರಗು ಜಾರಿ ಮೈಕಿನ ಎಳೆ ಹೊರಗೆ ಬಂದಿತ್ತು. ನನಗೆ ಗೊತ್ತಾಗಿರಲಿಲ್ಲ. ಹುಡುಗಿ ನೋಡಿದಳು. ಏನೂ ಕೇಳದೆ, ತಾಯಿಯ ಸೆರಗು ಸರಿಮಾಡುವ ಮಗಳಂತೆ, ಅದನ್ನು ಒಳಗೆ ಸೇರಿಸಿ ಸೆರಗು ಹೊದಿಸಿದಳು. ತುಟಿ ಅಲುಗದ ಹಾಗೆ ಪಿಸುಗುಟ್ಟಿದಳು:

"ಪೊಲೀಸರೇನು?"

"ಅಲ್ಲ."

"ಮತ್ತ?"

"ನಾಟಕ ಮಾಡಾಕಿ."

ಅವಳ ಭುಜ ಕುಲುಕಿತು. ನಕ್ಕಳೋ ಅತ್ತಳೋ ನನಗೆ ಇವತ್ತಿಗೂ ತಿಳಿಯದು. "ಹೊರಗ ಕರಕೊಂಡು ಹೋಗ್ರಿ" ಎಂದಳು. "ಮೂರು ತಿಂಗಳಾತು ನಾ ಕೆಳಗ ಇಳದು."

ವಕೀಲೆಗೆ ಬೇಕಾಗಿದ್ದ ಎರಡು ಉತ್ತರವೂ ಸಿಕ್ಕಿತ್ತು. ತಲುಪಿಸುವುದು ಹೇಗೆ? ಫೋನನ್ನು ತಂದಿರಲಿಲ್ಲ, ಬಡ ತಾಯಿಯ ಕೈಯಲ್ಲಿ ಅಂಥ ಫೋನು ಇರಬಾರದೆಂದು. ತಲೆ ಸುತ್ತುತ್ತದೆ, ಗಾಳಿ ಬೇಕು ಎಂದು ಗೊಣಗಿಕೊಂಡು ಹಿಂದಿನ ಕಿಟಕಿಯ ಬಳಿ ಹೋದೆ. ಚಪ್ಪಲಿ ಬಾಗಿಲ ಹೊರಗೆ ಬಿಟ್ಟಿದ್ದೆ, ಅವನ ಕಾಲ ಬಳಿ. ಒಳಗೆ ಸುತ್ತ ನೋಡಿದೆ. ಹುಡುಗಿ ನನ್ನ ಕಣ್ಣು ಎಲ್ಲಿ ಹುಡುಕುತ್ತಿದೆ ಎಂದು ನೋಡಿ ತನ್ನ ಕಾಲಿನ ಹವಾಯಿ ಚಪ್ಪಲಿ ಬಿಚ್ಚಿ ಸರಿಸಿದಳು. ಅದನ್ನು ಎತ್ತಿಕೊಂಡು, ಓಣಿಯಲ್ಲಿದ್ದ ಡೆಲಿವರಿಯವಳಿಗೆ ಕಾಣುವಂತೆ ಸರಳಿನ ನಡುವೆ ಹೊರಗೆ ಚಾಚಿ ಹಿಡಿದೆ. ಒಂದು ಚಪ್ಪಲಿ ಜಾರಿ ಶೆಡ್ಡಿನ ತಗಡಿನ ಮೇಲೆ ಸದ್ದು ಮಾಡಿ ಬಿತ್ತು.

"ಏನಮ್ಮ ಅದು?" ಎಂದು ಅವನು ಎದ್ದ.

"ಬೆಕ್ಕು ಬಂದಿತ್ರಿ ಸರ. ಓಡಿಸಿದ್ನಿ" ಎಂದಳು ಹುಡುಗಿ.

ಅಲ್ಲಿಂದ ಮೆಟ್ಟಿಲ ಮೇಲೆ ಬೂಟಿನ ಸದ್ದು ಕೇಳುವವರೆಗೆ ಎಷ್ಟು ಹೊತ್ತಾಯಿತೆಂದು ರೆಕಾರ್ಡರು ಹೇಳುತ್ತದೆ: ಹದಿನೇಳು ನಿಮಿಷ. ಆ ಹೊತ್ತಿನಲ್ಲಿ ಅವನ ಅಣ್ಣ ಮೊದಲು ಬರುತ್ತಾನೋ ಇವರು ಮೊದಲು ಬರುತ್ತಾರೋ ಎಂಬುದೊಂದನ್ನು ಬಿಟ್ಟು ಬೇರೇನನ್ನೂ ನಾನು ಯೋಚಿಸಲಿಲ್ಲ. ಇಬ್ಬರು ಪೊಲೀಸರು, ಹಿಂದೆ ವಕೀಲೆ. ಅವರು ಕೊನೆಯ ಮೆಟ್ಟಿಲು ಹತ್ತುವಷ್ಟರಲ್ಲಿ ಅವನು ಬೀಗ ತೆಗೆದು ಜೇಬಿಗೆ ಹಾಕಿಕೊಂಡಿದ್ದ. "ತಾಯಿ ಮಗಳು ಮಾತಾಡ್ತಾ ಇದ್ರು ಸಾರ್, ಡಿಸ್ಟರ್ಬ್ ಮಾಡೋದು ಬೇಡ ಅಂತ" ಎಂದು ಅದೇ ನಗು ನಕ್ಕ.

ಠಾಣೆಯಲ್ಲಿ ಮಹಿಳಾ ಸಬ್ ಇನ್‌ಸ್ಪೆಕ್ಟರ್ ನನ್ನ ಹೇಳಿಕೆ ಬರೆದುಕೊಂಡರು. ನಾನು ವಿಗ್ಗು ತೆಗೆದು ಮೇಜಿನ ಮೇಲಿಟ್ಟಾಗ ಅವರು ಪೆನ್ನು ಕೆಳಗಿಟ್ಟರು.

"ಅಂದ್ರೆ ಹನ್ನೊಂದು ದಿನ ಊರಿಗೆಲ್ಲ ಸುಳ್ಳು ಹೇಳ್ಕೊಂಡು ತಿರುಗಿದ್ರಾ ಮೇಡಂ?"

"ಹೌದು."

"ಜನ ಅತ್ರಾ?"

"ಅತ್ತರು."

"ಅವಳು ಅಲ್ಲಿದಾಳೆ ಅಂತ ನಿಮಗೆ ಹೇಳಿದ್ದು ಯಾರು?"

"ಬೀದಿಯಲ್ಲಿ ಯಾರೋ. ಮುಖ ನೆನಪಿಲ್ಲ" ಎಂದೆ. ಅದು ಹನ್ನೊಂದನೆಯ ದಿನದ ಕೊನೆಯ ಸುಳ್ಳು.

ಆ ದಿನದ ರೆಕಾರ್ಡರನ್ನು ಕೇಸಿಗೆಂದು ಇಟ್ಟುಕೊಂಡರು. ಅಣ್ಣತಮ್ಮಂದಿರ ಮೇಲೆ ದೂರು ದಾಖಲಾಯಿತು, ಇಬ್ಬರಿಗೂ ಸ್ವಲ್ಪ ದಿನಕ್ಕೇ ಜಾಮೀನು ಸಿಕ್ಕಿತು. ಹುಡುಗಿ ವಕೀಲೆಯ ಮನೆಯಲ್ಲಿ ಎರಡು ದಿನ ಇದ್ದಳು. ಮೂರನೆಯ ದಿನ ಅವಳ ನಿಜವಾದ ತಾಯಿ, ಮಾವನ ಜೊತೆ ಬಂದರು. ಅಳಲಿಲ್ಲ. ಮಗಳ ಎರಡು ಅಂಗೈಯನ್ನೂ ಮಗುಚಿ ನೋಡಿ, ಕತ್ತರಿ ಹಿಡಿದು ಜಡ್ಡುಗಟ್ಟಿದ ಹೆಬ್ಬೆರಳನ್ನು ಬಹಳ ಹೊತ್ತು ತಿಕ್ಕುತ್ತ ಕೂತರು. ನನ್ನನ್ನು ತೋರಿಸಿ ಹುಡುಗಿ ಏನೋ ಹೇಳಿದಳು. ಅವರು ನನಗೆ ಕೈ ಮುಗಿದರು. ಸಂಜೆಯ ಬಸ್ಸಿಗೆ ಮೂವರೂ ಹೋದರು.

ಒಂದು ತಿಂಗಳ ಮೇಲೆ ನಾನು ಬಜ್ಜಿ ಗಾಡಿಗೆ ಹೋದೆ. ಚೂಡಿದಾರ್, ಕನ್ನಡಕ, ಕತ್ತರಿಸಿದ ತಲೆಗೂದಲು. ಎದುರು ನಿಂತು ಮಾತಾಡುವವರೆಗೆ ಅವಳಿಗೆ ಗುರುತು ಹತ್ತಲಿಲ್ಲ. ಹತ್ತಿದ ಮೇಲೆ ಸುತ್ತ ಒಮ್ಮೆ ನೋಡಿ ಹಸಿಮೆಣಸಿನಕಾಯಿಯನ್ನು ಹಿಟ್ಟಿಗೆ ಅದ್ದತೊಡಗಿದಳು.

"ಆ ಹುಡುಗಿ ಫೋಟೋದಲ್ಲಿರೋ ಹಾಗೆ ಇರಲೇ ಇಲ್ಲ" ಎಂದೆ.

"ಫೋಟೋ ಯಾರ್ ನೋಡಿದ್ರು?" ಎಂದಳು. "ಆ ಓಣೀಲಿ ಗಾಡಿ ತಳ್ಕೊಂಡು ಹೋಗೋವಾಗ ಅವಳು ಕಿಟಕೀಲಿ ನಿಂತ್ಕೊಂಡು ನನ್ನೇ ನೋಡೋಳು. ನಾನ್ ಏನ್ ಮಾಡ್ಲಿ? ಅಷ್ಟರಲ್ಲಿ ಮಗಳನ್ನ ಹುಡುಕ್ಕೊಂಡು ಒಬ್ಳು ತಾಯಿ ಬಂದ್ಲು. ತಾಯಿ ಅಂದ್ಮೇಲೆ ಬಾಗಿಲು ತೆಗೆಸ್ತಾಳೆ, ಯಾರ್ ಮಗಳಾದ್ರೇನು ಅಂದ್ಕೊಂಡೆ. ನಿನ್ ಮಗಳು ಸಿಕ್ಕಿದ್ಲಾ?"

ನಾನು ನಿಜ ಹೇಳಿದೆ. ಮಗಳಿಲ್ಲ, ಸಿನಿಮಾ, ಫೋಟೋ ನನ್ನದು, ಎಲ್ಲವನ್ನೂ. ಅವಳ ಕೈ ನಿಲ್ಲಲಿಲ್ಲ. ನಾಲ್ಕು ಬಜ್ಜಿ ಎಣ್ಣೆಗೆ ಬಿಟ್ಟಮೇಲೆ ಕೇಳಿದಳು.

"ನಾನು ಅತ್ತಿದ್ದೂ ಐತಾ ಅದರಲ್ಲಿ?"

"ಇದೆ."

"ಅಲ್ಲಿದಾಳೆ ಅಂತ ಹೇಳಿದ್ದು?"

"ಇದೆ."

"ಮುಖಾನೂ?"

ನಾನು ಹೌದೆಂದು ತಲೆಯಾಡಿಸಿದೆ. ಅವಳು ಈಗ ನನ್ನನ್ನು ನೇರವಾಗಿ ನೋಡಿದಳು. "ನೀನು ಕೂದ್ಲು ತೆಗೆದಿಟ್ಟು ಮನೆಗೆ ಹೋದೆ. ನಾನ್ ನಾಳೆನೂ ಇಲ್ಲೇ ಗಾಡಿ ಹಾಕ್ಬೇಕು ಕಣಮ್ಮ."

ಅವಳ ನೋಟ ನನ್ನ ಹೆಗಲ ಹಿಂದಕ್ಕೆ ಸರಿಯಿತು. ಧ್ವನಿ ತಟ್ಟನೆ ಬದಲಾಯಿತು. "ತಗೊಳಿ ಮೇಡಂ, ಬಿಸಿ ಐತೆ" ಎಂದು ತಟ್ಟೆ ಮುಂದಿಟ್ಟಳು. ನನ್ನ ಪಕ್ಕಕ್ಕೆ ಒಬ್ಬ ಬಂದು ನಿಂತ. ಅವನ ತೋಳು ನನ್ನ ತೋಳಿಗೆ ತಾಗಿತು.

"ಎರಡು ಪ್ಲೇಟ್ ಆಂಟಿ" ಎಂದ ಓನರ್‌ನ ತಮ್ಮ.

ನಾನು ತಟ್ಟೆಯಿಂದ ಕಣ್ಣೆತ್ತಲಿಲ್ಲ. ಮುಖ ಬದಲಾಗಿತ್ತು, ದನಿ ಬದಲಾಗಿರಲಿಲ್ಲ. ಬಾಯಿ ಬಿಟ್ಟರೆ ಗುರುತು ಸಿಗುತ್ತಿತ್ತು. ಅವನು ಬಜ್ಜಿ ಮುರಿದು ಊದುತ್ತ, ಹವಾಮಾನದ ಮಾತಾಡುವವನಂತೆ ಕೇಳಿದ:

"ಆಂಟಿ, ಆ ನಾಟಕದೋಳನ್ನ ನಮ್ ಬಿಲ್ಡಿಂಗಿಗೆ ಕಳ್ಸಿದ್ದು ಯಾರು ಅಂತ ನಿಮಗೇನಾದ್ರೂ ಗೊತ್ತಾ?"

"ನಂಗೇನ್ ಗೊತ್ತಪ್ಪ. ಬೆಳಗಿಂದ ಸಂಜೆವರ್ಗೂ ಈ ಬೆಂಕಿ ಮುಂದೆ ನಿಂತೋಳಿಗೆ."

"ಗೊತ್ತಾಗುತ್ತೆ ಬಿಡಿ" ಎಂದ.

ನಾನು ತಿನ್ನುತ್ತಲೇ ಇದ್ದೆ. ಮೆಣಸಿನಕಾಯಿಯ ಖಾರಕ್ಕೆ ಕಣ್ಣಲ್ಲಿ ನೀರು ಬಂತು, ಒರೆಸಿಕೊಳ್ಳಲಿಲ್ಲ. ಅವಳು ನನ್ನ ಕಡೆ ತಿರುಗಿ, "ಇನ್ನೆರಡು ಹಾಕ್ಲಾ ಮೇಡಂ?" ಎಂದಳು. ತಲೆಯಾಡಿಸಿದೆ. ಹಾಕಿದಳು.

ಅವನು ಹೋದ ಮೇಲೆ ದುಡ್ಡು ಕೊಟ್ಟು ಹೊರಟೆ. ನಾನು ಮುಖ್ಯರಸ್ತೆಯವರೆಗೆ ನಡೆದು, ಬಸ್ ನಿಲ್ದಾಣದ ಕಂಬಕ್ಕೆ ಒರಗಿ ನಿರ್ದೇಶಕನಿಗೆ ಫೋನು ಮಾಡಿದೆ.

"ಎಲ್ಲ ಅಳಿಸಿಬಿಡು. ಈಗಲೇ. ನಾನು ಲೈನಲ್ಲೇ ಇರ್ತೀನಿ."

"ಯಾವ ದಿನದ್ದು ಅಕ್ಕ?"

"ಠಾಣೆಯಲ್ಲಿರೋದು ಬಿಟ್ಟು ಎಲ್ಲ ದಿನದ್ದೂ."

ಎರಡು ಬಸ್ಸು ಬಂದು ಹೋದವು. ಆಮೇಲೆ ಆ ಕಡೆಯಿಂದ ಕುರ್ಚಿ ಎಳೆದ ಸದ್ದು, ಕೀಲಿ ಒತ್ತಿದ ಸದ್ದು ಕೇಳಿಸಿತು.

"ಮೊದಲ್ನೇ ದಿನ ಹೋಯ್ತು" ಎಂದ. "ಎರಡನೇದು ಹೋಗ್ತಾ ಇದೆ."

"ಆರನೇದು ಮೊದಲು ಅಳಿಸು" ಎಂದೆ.